ಹಳೆ ಕನ್ನಡಕ ಎಸೆಯಬೇಡಿ, ಹಳೆ ಚೀಟಿಯನ್ನೂ

ಸಂಪಾದಕರಿಗೆ ನಮಸ್ಕಾರ.

ಕಳೆದ ವಾರ ನಿಮ್ಮ ಜಿಲ್ಲಾ ಪುಟದಲ್ಲಿ ಒಂದು ಫೋಟೊ ಬಂದಿತ್ತು. ಶಾಲೆಯ ಅಂಗಳದಲ್ಲಿ ಮಕ್ಕಳು ಸಾಲಾಗಿ ನಿಂತಿದ್ದಾರೆ, ಎಲ್ಲರ ಮೂಗಿನ ಮೇಲೂ ಹೊಸ ಕನ್ನಡಕ, ಹಿಂದೆ ಬ್ಯಾನರ್. ಎಷ್ಟು ಕನ್ನಡಕ ಹಂಚಿದರು ಅಂತ ಕೆಳಗೆ ಬರೆದಿತ್ತು. ಒಳ್ಳೆಯ ಕೆಲಸ. ಅದರಲ್ಲಿ ಕೊಂಕು ತೆಗೆಯಲು ಈ ಪತ್ರ ಬರೆಯುತ್ತಿಲ್ಲ. ಆದರೆ ಆವತ್ತಿನಿಂದ ಒಂದೇ ಪ್ರಶ್ನೆ ತಲೆ ಕೊರೆಯುತ್ತಿದೆ. ಈ ಮಕ್ಕಳಲ್ಲಿ ಎಷ್ಟು ಜನರ ಹತ್ತಿರ ಹೋದ ವರ್ಷದ ಕನ್ನಡಕ ಇತ್ತು? ಅದರ ನಂಬರ್ ಎಷ್ಟಿತ್ತು ಅಂತ ಯಾರಾದರೂ ನೋಡಿದರಾ?

ನಾನು ಬ್ಯಾಡಗಿಯಲ್ಲಿ ಕನ್ನಡಕದ ಅಂಗಡಿ ಇಟ್ಟವನು. 1999ರಿಂದ ಇದೇ ಕೆಲಸ. ಡಾಕ್ಟರ್ ಅಲ್ಲ, ಆಪ್ಟೊಮೆಟ್ರಿ, ಅಂದರೆ ಕಣ್ಣು ಪರೀಕ್ಷೆ ಮಾಡಿ ನಂಬರ್ ತೆಗೆಯುವ ವಿದ್ಯೆ, ಓದಿದವನೂ ಅಲ್ಲ. ದಾವಣಗೆರೆಯ ಚಿಕ್ಕಪ್ಪನ ಅಂಗಡಿಯಲ್ಲಿ ಗಾಜು ಉಜ್ಜಿ, ಫ್ರೇಮಿಗೆ ಕೂರಿಸಿ, ನಂಬರ್ ತೆಗೆಯುವುದನ್ನು ನೋಡಿ ನೋಡಿ ಕಲಿತವನು. ಈಗ ಕಂಪ್ಯೂಟರ್ ಮಷಿನ್ ಇದೆ. ಗಲ್ಲ ಇಟ್ಟು ಒಳಗೆ ನೋಡಿದರೆ ರಸ್ತೆ ತುದಿಯಲ್ಲಿ ಒಂದು ಬಲೂನು ಕಾಣುತ್ತದಲ್ಲ, ಅದೇ ಮಷಿನ್. ಟಕ್ ಅಂತ ಒಂದು ಚೀಟಿ ಹೊರಗೆ ಬರುತ್ತದೆ. ಆ ಚೀಟಿಯ ಕೆಳಗಡೆ ಎರಡು ಸಾಲು ಇರುತ್ತವೆ. ಅವನ್ನು ನಾನು ವರ್ಷಗಟ್ಟಲೆ ಓದಲೇ ಇಲ್ಲ. ಕಣ್ಣಿನ ಒಂದು ರೋಗದ ಸುಳಿವು ಅಲ್ಲೇ ಇತ್ತು. ಆ ಕತೆ ಹೇಳುತ್ತೇನೆ.

2019ರ ಜುಲೈನಲ್ಲಿ ಒಬ್ಬ ಹುಡುಗ ತಂದೆಯ ಜೊತೆ ಅಂಗಡಿಗೆ ಬಂದ. ತಂದೆ ಮೆಣಸಿನಕಾಯಿ ಮಾರುಕಟ್ಟೆಯಲ್ಲಿ ಹಮಾಲಿ. ಹುಡುಗ ಎಂಟನೇ ಕ್ಲಾಸು, ಬೋರ್ಡು ಮಸುಕು ಅಂದ. ಬಲಗಣ್ಣಿಗೆ ಸಿಲಿಂಡರ್ ಒಂದು, ಎಡಗಣ್ಣಿಗೆ ಅರ್ಧ. ಸಿಲಿಂಡರ್ ಅಂದರೆ ಕಣ್ಣಿನ ಮುಂಭಾಗ ಎಲ್ಲ ಕಡೆ ಒಂದೇ ಸಮ ಬಾಗಿರದಿದ್ದರೆ ಅದನ್ನು ಸರಿದೂಗಿಸಲು ಹಾಕುವ ನಂಬರ್. ಕನ್ನಡಕ ಹಾಕಿದೊಡನೆ ಎದುರಿನ ಬೇಕರಿ ಬೋರ್ಡು ಓದಿದ. ತಂದೆಗೆ ಖುಷಿಯೋ ಖುಷಿ. 2020ರ ಡಿಸೆಂಬರಿಗೆ ಮತ್ತೆ ಬಂದ. ಬಲಗಣ್ಣು 1.75 ಆಗಿತ್ತು. ಆಗ ಆನ್‌ಲೈನ್ ಕ್ಲಾಸಿನ ಕಾಲ, ಎಲ್ಲದಕ್ಕೂ ಮೊಬೈಲ್ ಮೇಲೆ ಬೊಟ್ಟು ಮಾಡುತ್ತಿದ್ದೆವು. ನಾನೂ ಮಾಡಿದೆ. 2021ರ ನವೆಂಬರಿನಲ್ಲಿ 2.75. 2022ರ ಸೆಪ್ಟೆಂಬರಿನಲ್ಲಿ 4.25. ಆ ಕೊನೆಯ ಸಲ ಎಷ್ಟು ಗಾಜು ಬದಲಿಸಿದರೂ ಬಲಗಣ್ಣಲ್ಲಿ ಚಾರ್ಟಿನ ಕೊನೆಯ ಸಾಲುಗಳನ್ನು ಅವನು ಓದಲೇ ಇಲ್ಲ.

ಅವತ್ತು ಅವನು ಹೇಳಿದ ಮಾತು ಇವತ್ತಿಗೂ ಕಿವಿಯಲ್ಲಿದೆ. "ಸರ, ರಾತ್ರಿ ಒಂದ್ ಬಲ್ಬ್ ನೋಡಿದ್ರ ನಾಕೈದು ಕಾಣಸ್ತಾವ್ರೀ. ಓದೂ ಮುಂದ ಅಕ್ಷರದ ಕೆಳಗ ಇನ್ನೊಂದು ಅಕ್ಷರ ಇದ್ದಂಗ ಕಾಣತೈತಿ. ಒತ್ತು ಯಾವ್ದು, ನೆರಳು ಯಾವ್ದು ತಿಳಿಯಂಗಿಲ್ರೀ."

ಕನ್ನಡ ಮೀಡಿಯಂ ಹುಡುಗ. ಎರಡನೇ ಕಣ್ಣು ಮುಚ್ಚಿ ಬಲಗಣ್ಣಿನಿಂದ ಓದಿದರೆ 'ಅಕ್ಕ' ಅನ್ನುವ ಪದದಲ್ಲಿ ಕ ಎಲ್ಲಿ ಮುಗಿಯಿತು, ಒತ್ತು ಎಲ್ಲಿ ಶುರುವಾಯಿತು ಅಂತ ಅವನಿಗೆ ಗೊತ್ತಾಗುತ್ತಿರಲಿಲ್ಲ. ರೋಗದ ಲಕ್ಷಣವನ್ನು ಇದಕ್ಕಿಂತ ಚೆನ್ನಾಗಿ ಯಾರು ಹೇಳುತ್ತಾರೆ? ನಾನು ಏನು ಹೇಳಿದೆ ಗೊತ್ತಾ? "ಮೊಬೈಲ್ ನೋಡೋದು ಕಡಿಮೆ ಮಾಡೋ ತಮ್ಮಾ." ಹೊಸ ಗಾಜು ಹಾಕಿಕೊಟ್ಟೆ. ದುಡ್ಡೂ ತಗೊಂಡೆ. ನಾಲ್ಕನೇ ಸಲ.

2023ರ ಯುಗಾದಿಗೆ ನನ್ನ ತಂಗಿಯ ಮಗಳು ಊರಿಗೆ ಬಂದಿದ್ದಳು. ಬೆಂಗಳೂರಿನಲ್ಲಿ ಆಪ್ಟೊಮೆಟ್ರಿ ಓದುತ್ತಿದ್ದಳು. ಹಬ್ಬದ ಮರುದಿನ ಸುಮ್ನೆ ಹೊತ್ತು ಕಳೆಯಲು ಅಂಗಡಿಯಲ್ಲಿ ಕೂತಿದ್ದಳು. ಅದೇ ಹೊತ್ತಿಗೆ ಈ ಹುಡುಗ ಮೂಗಿನ ಪ್ಯಾಡ್ ಸರಿ ಮಾಡಿಸಲು ಬಂದ. ಹೆಸರಿಗೆ ಪ್ಯಾಡು ಅಷ್ಟೇ. "ಇದ್ರಾಗೂ ಸರಿ ಕಾಣವಲ್ದು" ಅಂದ.

ಅವಳು ಚೀಲದಿಂದ ರೆಟಿನೋಸ್ಕೋಪ್ ತೆಗೆದಳು. ಕಣ್ಣಿಗೆ ಬೆಳಕಿನ ಗೆರೆ ಬಿಟ್ಟು, ಒಳಗಿನಿಂದ ವಾಪಸ್ ಬರುವ ಬೆಳಕು ಹೇಗೆ ಓಡಾಡುತ್ತದೆ ಅಂತ ನೋಡುವ ಸಾಧನ. ಹಳೆಯದು, ಅಗ್ಗದ್ದು, ಎಲ್ಲ ಕಲಿಕೆಯೂ ಅದರಿಂದಲೇ ಶುರು. ಒಂದೆರಡು ಕ್ಷಣ ನೋಡಿ "ಮಾಮಾ, ಬಾ ಇಲ್ಲಿ" ಅಂದಳು. ನೋಡಿದೆ. ಸಾಮಾನ್ಯವಾಗಿ ಆ ಬೆಳಕು ಒಂದೇ ಪಟ್ಟಿಯಾಗಿ ಅತ್ತ ಇತ್ತ ಸರಿಯುತ್ತದೆ. ಇಲ್ಲಿ ಎರಡು ಪಟ್ಟಿ. ಒಂದಕ್ಕೊಂದು ಎದುರಾಗಿ ಕೂಡಿ, ಬಿಟ್ಟು, ಕೂಡಿ. ದರ್ಜಿಯ ಕತ್ತರಿ ಬಾಯಿ ತೆರೆದು ಮುಚ್ಚುವ ಹಾಗೆಯೇ. ಅದಕ್ಕೆ ಕತ್ತರಿ ಬೆಳಕು ಅಂತಲೇ ಹೆಸರಂತೆ.

ಆಮೇಲೆ ಹುಡುಗನಿಗೆ ಕೆಳಗೆ ನೋಡು ಅಂದಳು. ಮೇಲಿನ ರೆಪ್ಪೆಯನ್ನು ಬೆರಳಿನಿಂದ ಎತ್ತಿ ಹಿಡಿದಳು. ಬಲಗಣ್ಣಿನ ಕೆಳರೆಪ್ಪೆ ನಡುವೆ ಸ್ವಲ್ಪ ಉಬ್ಬಿ ಮೊನೆಯಾಗಿತ್ತು, ಒಳಗಿನಿಂದ ಏನೋ ಒತ್ತಿದ ಹಾಗೆ. ಇದಕ್ಕೆ ಮನ್ಸನ್ ಚಿಹ್ನೆ ಅಂತಾರೆ. "ಇದು ಕಂಡ್ರ ಆಗಲೇ ತಡ ಆಗೇತಿ ಅಂತ ಅರ್ಥ, ಮಾಮಾ" ಅಂದಳು. ಕೊನೆಗೆ ಕೇಳಿದಳು: "ಕೆ ಎಷ್ಟು ಬಂದೈತಿ?"

ಕೆ ಅಂದರೆ ಆ ಚೀಟಿಯ ಕೆಳಗಿನ ಎರಡು ಸಾಲು. ಕಣ್ಣಿನ ಮುಂಭಾಗದಲ್ಲಿ, ಕರಿಗುಡ್ಡೆಯ ಮೇಲೆ, ಗಡಿಯಾರದ ಗಾಜಿನಂತೆ ಒಂದು ಪಾರದರ್ಶಕ ಪದರ ಇದೆ. ಅದೇ ಕಾರ್ನಿಯಾ. ಅದು ಎಷ್ಟು ಬಾಗಿದೆ ಅನ್ನುವ ಲೆಕ್ಕ ಇದು. ಹೆಚ್ಚಿನವರಿಗೆ 43, 44ರ ಆಸುಪಾಸು ಇರುತ್ತದೆ. 47, 48 ದಾಟಿದರೆ ಅನುಮಾನ ಪಡಬೇಕು. ಆವತ್ತು ಹುಡುಗನ ಬಲಗಣ್ಣಿನದು 49.50 ಮತ್ತು 53.25. ನಾಲ್ಕು ವರ್ಷ ನನ್ನ ಮಷಿನ್ ಈ ಸಂಖ್ಯೆಗಳನ್ನು ಪ್ರಿಂಟ್ ಮಾಡಿ ಕೈಗೆ ಕೊಡುತ್ತಿತ್ತು. ನಾನು ಮೇಲಿನ ಮೂರು ಸಾಲು ನೋಡಿ ಚೀಟಿ ಹರಿದು ಬುಟ್ಟಿಗೆ ಹಾಕುತ್ತಿದ್ದೆ.

ರೋಗದ ಹೆಸರು ಕೆರಟೋಕೋನಸ್. ಗಾಜಿನಂಥ ಆ ಪದರ ತೆಳ್ಳಗಾಗುತ್ತಾ, ಒಳಗಿನ ಒತ್ತಡಕ್ಕೆ ಸೋತು, ನಿಧಾನವಾಗಿ ಮುಂದಕ್ಕೆ ಉಬ್ಬುತ್ತದೆ. ಗೋಲಿಯ ಮೈ ಇದ್ದದ್ದು ಕೋಳಿಮೊಟ್ಟೆಯ ಚೂಪು ತುದಿಯಂತೆ ಆಗುತ್ತದೆ. ಹೆಚ್ಚಾಗಿ ಹರೆಯದಲ್ಲಿ ಶುರುವಾಗಿ ಮೂವತ್ತು, ಮೂವತ್ತೈದರವರೆಗೂ ಬೆಳೆಯುತ್ತಾ ಹೋಗುತ್ತದೆ. ನೋವಿಲ್ಲ, ಕೆಂಪಿಲ್ಲ. ಅದಕ್ಕೇ ಮೊದಲು ನಮ್ಮ ಅಂಗಡಿಗೇ ಬರುತ್ತಾರೆ, ಡಾಕ್ಟರ ಹತ್ತಿರ ಹೋಗುವುದಿಲ್ಲ. 1854ರಲ್ಲೇ ಇಂಗ್ಲೆಂಡಿನ ಜಾನ್ ನಾಟಿಂಗ್‌ಹ್ಯಾಮ್ ಅನ್ನುವ ವೈದ್ಯ ಇದನ್ನು ವಿವರವಾಗಿ ಬರೆದಿಟ್ಟಿದ್ದನಂತೆ. ಆತನ ಹತ್ತಿರ ಕಂಪ್ಯೂಟರ್ ಮಷಿನ್ ಇರಲಿಲ್ಲ. ನನ್ನ ಹತ್ತಿರ ಇತ್ತು.

ಅವಳು ಹಳೆ ಲೆಡ್ಜರ್ ಕೇಳಿದಳು. ಗಿರಾಕಿಗಳ ನಂಬರನ್ನು ಪುಸ್ತಕದಲ್ಲಿ ಬರೆದಿಡುವುದು ಚಿಕ್ಕಪ್ಪ ಕಲಿಸಿದ ಅಭ್ಯಾಸ, ಅದೊಂದು ಉಳಿಸಿಕೊಂಡಿದ್ದೆ. ನಾಲ್ಕು ವರ್ಷದ ನಾಲ್ಕು ಸಾಲನ್ನು ಒಂದೇ ಹಾಳೆಯಲ್ಲಿ ಕೆಳಗೆ ಕೆಳಗೆ ಬರೆದಳು. 1, 1.75, 2.75, 4.25. ಪಕ್ಕದಲ್ಲಿ ಆಕ್ಸಿಸ್, ಅಂದರೆ ಆ ಸಿಲಿಂಡರ್ ಯಾವ ಕೋನದಲ್ಲಿ ಕೂರಬೇಕು ಅನ್ನುವ ಲೆಕ್ಕ, ಅದೂ ಪ್ರತಿ ಸಲ ಜಾಗ ಬದಲಿಸಿತ್ತು. ಬೇರೆ ಬೇರೆ ಪುಟದಲ್ಲಿ ಇದ್ದಾಗ ಅವು ನಾಲ್ಕು ವ್ಯಾಪಾರ. ಒಂದೇ ಹಾಳೆಗೆ ಬಂದಾಗ ಬೇರೇನೋ ಆಗಿ ಕಂಡವು. ನನಗೆ ಬಾಯಿ ಕಟ್ಟಿತು.

ಮರುವಾರ ಹುಬ್ಬಳ್ಳಿಯ ಒಂದು ಕಣ್ಣಿನ ಆಸ್ಪತ್ರೆಗೆ ಅಪ್ಪ, ಮಗನ ಜೊತೆ ನಾನೂ ರೈಲು ಹತ್ತಿದೆ. ಅಲ್ಲಿ ಟೊಪೊಗ್ರಫಿ ಮಾಡಿದರು. ಅಂದರೆ ಕಾರ್ನಿಯಾದ ಏರು ತಗ್ಗುಗಳ ನಕ್ಷೆ. ಇದರ ಹಳೆಯ ಅವತಾರ ಬಹಳ ಸರಳ. 1880ರ ಸುಮಾರಿಗೆ ಪೋರ್ಚುಗಲ್ಲಿನ ಪ್ಲಾಸಿಡೊ ಅನ್ನುವ ವೈದ್ಯ ಒಂದು ತಟ್ಟೆಯ ಮೇಲೆ ಕಪ್ಪು ಬಿಳುಪು ಬಳೆಗಳನ್ನು ಬರೆದು, ನಡುವೆ ತೂತು ಮಾಡಿ, ಆ ಬಳೆಗಳ ಪ್ರತಿಬಿಂಬ ರೋಗಿಯ ಕಣ್ಣಲ್ಲಿ ಹೇಗೆ ಬೀಳುತ್ತದೆ ಅಂತ ನೋಡುತ್ತಿದ್ದ. ಕಣ್ಣು ಸರಿ ಇದ್ದರೆ ಬಳೆ ದುಂಡಗೆ. ಕೆರಟೋಕೋನಸ್ ಇದ್ದರೆ ಬಳೆಗಳು ಮೊಟ್ಟೆಯಂತೆ ಎಳೆದುಕೊಂಡು ಉಬ್ಬಿದ ಕಡೆ ಒತ್ತೊತ್ತಾಗಿ ಬೀಳುತ್ತವೆ. ನನ್ನ ತಂಗಿಯ ಮಗಳು ಕಾಲೇಜಿಗೆ ವಾಪಸ್ ಹೋಗುವ ಮುಂಚೆ ರಟ್ಟಿನಲ್ಲಿ ಅಂಥದ್ದೊಂದು ಮಾಡಿ ಕೊಟ್ಟು ಹೋಗಿದ್ದಾಳೆ, ಕೌಂಟರಿನ ಒಳಗೆ ಇದೆ. ಈಗಿನ ಮಷಿನ್‌ಗಳು ಮುಂದಿನ ಮೈ, ಹಿಂದಿನ ಮೈ, ದಪ್ಪ ಎಲ್ಲವನ್ನೂ ಅಳೆದು ಬಣ್ಣದ ಚಿತ್ರ ಕೊಡುತ್ತವೆ. ಹುಡುಗನ ಬಲಗಣ್ಣಿನ ಚಿತ್ರದಲ್ಲಿ ಕೆಳಗಡೆ ಬ್ಯಾಡಗಿ ಮೆಣಸಿನಕಾಯಿಯಂಥ ಕೆಂಪು. ಸಾಮಾನ್ಯವಾಗಿ ಕಾರ್ನಿಯಾದ ನಡುಭಾಗ ಅರ್ಧ ಮಿಲಿಮೀಟರಿಗಿಂತ ತುಸು ಜಾಸ್ತಿ, ಸುಮಾರು 540 ಮೈಕ್ರಾನ್ ದಪ್ಪ ಇರುತ್ತದೆ. ಅವನದು ತೀರಾ ತೆಳುವಾದ ಜಾಗದಲ್ಲಿ 438.

"ಸರ, ಗ್ಲಾಸ್ ಬದ್ಲಿ ಮಾಡಿದ್ರ ಸರಿ ಹೋಗತೈತಲ್ರೀ?" ಅಂತ ತಂದೆ ಡಾಕ್ಟರನ್ನು ಕೇಳಿದ. ಆ ಪ್ರಶ್ನೆ ಅವನಿಗೆ ಕಲಿಸಿದವನು ನಾನೇ ಅಲ್ವಾ. ನಾನು ಗೋಡೆ ನೋಡಿದೆ.

ಚಿಕಿತ್ಸೆ ಇದೆ. ಕ್ರಾಸ್‌ಲಿಂಕಿಂಗ್ ಅಂತಾರೆ. ಕಣ್ಣಿಗೆ ಹಳದಿ ಹನಿ ಹಾಕುತ್ತಾರೆ, ಅದು ರೈಬೋಫ್ಲೇವಿನ್, ಅಂದರೆ ಬಿ2 ವಿಟಮಿನ್. ಅದು ನೆನೆದ ಮೇಲೆ ಅಲ್ಟ್ರಾವಯಲೆಟ್ ಬೆಳಕು ಬಿಡುತ್ತಾರೆ, ಹಳೆಯ ಪದ್ಧತಿಯಲ್ಲಿ ಅರ್ಧ ಗಂಟೆ. ಆ ಪದರದ ಎಳೆಗಳ ನಡುವೆ ಹೊಸ ಬಂಧ ಕೂರುತ್ತದೆ, ಹಂದರಕ್ಕೆ ಅಡ್ಡಗಳು ಕಟ್ಟಿ ಬಿಗಿ ಮಾಡಿದಂತೆ. ಜರ್ಮನಿಯ ಡ್ರೆಸ್ಡೆನ್‌ನಲ್ಲಿ ಹುಟ್ಟಿದ ವಿಧಾನ, ರೋಗಿಗಳಲ್ಲಿ ಬಂದ ಮೊದಲ ಫಲಿತಾಂಶ 2003ರಲ್ಲಿ ಪ್ರಕಟವಾಯಿತು. ಆದರೆ ಒಂದು ಮಾತು ಚೆನ್ನಾಗಿ ತಿಳಿದುಕೊಳ್ಳಬೇಕು. ಇದು ರೋಗ ಮುಂದಕ್ಕೆ ಹೋಗದಂತೆ ತಡೆಯುತ್ತದೆ. ಕಳೆದ ನೋಟವನ್ನು ಪೂರ್ತಿ ತಂದುಕೊಡುವುದಿಲ್ಲ. ಮೇಲಾಗಿ ಕಾರ್ನಿಯಾ 400 ಮೈಕ್ರಾನಿಗಿಂತ ತೆಳ್ಳಗಾದರೆ ಸಾಮಾನ್ಯ ವಿಧಾನದಲ್ಲಿ ಮಾಡುವಂತಿಲ್ಲ. ಇನ್ನೊಂದು ವರ್ಷ ನನ್ನ ಗಾಜೇ ಹಾಕಿಕೊಂಡಿದ್ದರೆ ಹುಡುಗ ಆ ಗೆರೆಯನ್ನೂ ದಾಟುತ್ತಿದ್ದನೇನೋ. ದಾಟಿದ ಮೇಲೆ ಕೆಲವರಿಗೆ ಉಳಿಯುವುದು ದಾನಿಯ ಕಾರ್ನಿಯಾ ಹಾಕಿಸುವ ಆಪರೇಷನ್.

ಬಲಗಣ್ಣಿಗೆ ಏಪ್ರಿಲ್‌ನಲ್ಲಿ, ಎಡಗಣ್ಣಿಗೆ ಆಗಸ್ಟ್‌ನಲ್ಲಿ ಮಾಡಿದರು. ಮೂರು ನಾಲ್ಕು ದಿನ ಹುಡುಗ ಕತ್ತಲೆ ಕೋಣೆಯಲ್ಲಿ ಕಣ್ಣೀರು ಸುರಿಸುತ್ತಾ ಮಲಗಿದ್ದ, ಖಾರದ ಕೈ ಕಣ್ಣಿಗೆ ತಗುಲಿದ್ದಕ್ಕಿಂತ ಜಾಸ್ತಿ ಉರಿ ಅಂದ. ಈ ಊರಿನವನು ಆ ಮಾತು ಹೇಳಿದರೆ ನಂಬಬೇಕು. ತಂದೆ ದಲಾಲಿ ಅಂಗಡಿಯಲ್ಲಿ ಮುಂಗಡ ಎತ್ತಿದ, ಒಂದು ಸೀಸನ್ನಿನ ದುಡಿಮೆ ಅದಕ್ಕೇ ಹೋಯಿತು. ನಾನು ನಾಲ್ಕು ಕನ್ನಡಕದ ದುಡ್ಡು ವಾಪಸ್ ಕೊಟ್ಟೆ. ಇದನ್ನು ದೊಡ್ಡಸ್ತಿಕೆಗೆ ಬರೆದದ್ದಲ್ಲ, ಲೆಕ್ಕ ಪೂರ್ತಿ ಇರಲಿ ಅಂತ. ಈಗ ಅವನು ಬಲಗಣ್ಣಿಗೆ ಸ್ಕ್ಲೀರಲ್ ಲೆನ್ಸ್ ಹಾಕುತ್ತಾನೆ. ಸಣ್ಣ ಬಟ್ಟಲಿನಂಥ ಗಟ್ಟಿ ಲೆನ್ಸು, ಒಳಗೆ ಸಲೈನ್ ನೀರು ತುಂಬಿ ಕಣ್ಣಿನ ಬಿಳಿಯ ಮೇಲೆ ಕೂರಿಸಬೇಕು. ಉಬ್ಬು ತಗ್ಗುಗಳ ಮೇಲೆ ನೀರು ಸಮ ನಿಂತು ಅಕ್ಷರ ಒಂದೇ ಆಗಿ ಕಾಣುತ್ತದೆ. ಒತ್ತಕ್ಷರ ಈಗ ಒತ್ತಕ್ಷರವೇ.

ಇನ್ನು ಕಣ್ಣು ಉಜ್ಜುವ ವಿಷಯ. ಸೀಸನ್ನಿನಲ್ಲಿ ನಮ್ಮೂರ ಮಾರುಕಟ್ಟೆಗೆ ಬಂದವರಿಗೆ ಗೊತ್ತು, ಗಾಳಿಯೇ ಖಾರ. ಸೀನದವರಿಲ್ಲ, ಕಣ್ಣು ಒರೆಸದವರಿಲ್ಲ. ಮೆಣಸಿನಕಾಯಿಯಿಂದ ಈ ರೋಗ ಬರುತ್ತದೆ ಅಂತ ನಾನು ಹೇಳುತ್ತಿಲ್ಲ, ದಯವಿಟ್ಟು ಹಾಗೆ ಹೆಡ್ಡಿಂಗ್ ಕೊಡಬೇಡಿ. ಆದರೆ ಜೋರಾಗಿ ಕಣ್ಣು ಉಜ್ಜುವುದಕ್ಕೂ ಕೆರಟೋಕೋನಸ್‌ಗೂ ನಂಟಿದೆ ಅಂತ ಡಾಕ್ಟರು ಖಡಾಖಂಡಿತ ಹೇಳಿದರು. ಈ ಹುಡುಗನಿಗೆ ಸಣ್ಣವನಿದ್ದಾಗಿನಿಂದ ಬೇಸಿಗೆ ಬಂದರೆ ಕಣ್ಣು ತುರಿಕೆ. ಬೆರಳಿನ ಗೆಣ್ಣು ಒತ್ತಿ, ಜೋಳ ಬೀಸಿದ ಹಾಗೆ ಗರಗರ ತಿರುಗಿಸುತ್ತಿದ್ದ. ಬಲಗೈಯವನು, ಬಲಗಣ್ಣೇ ಜಾಸ್ತಿ ಕೆಟ್ಟಿದೆ. ಅಂಥ ಮಕ್ಕಳಿಗೆ "ಉಜ್ಜಬೇಡ" ಅಂತ ಬೈದರೆ ಸಾಲದು, ತುರಿಕೆಗೆ ಔಷಧ ಬೇಕು. ಅದೂ ಡಾಕ್ಟರು ಬರೆದದ್ದು. ಮೆಡಿಕಲ್ ಶಾಪಿನಲ್ಲಿ ಕೇಳಿ ತರುವ ಕೆಲವು ಹನಿಗಳಲ್ಲಿ ಸ್ಟಿರಾಯ್ಡ್ ಇರುತ್ತದೆ. ಎರಡು ದಿನದಲ್ಲಿ ತುರಿಕೆ ನಿಲ್ಲುತ್ತದೆ, ವರ್ಷಗಟ್ಟಲೆ ಹಾಕಿದರೆ ಕಣ್ಣಿನ ಒತ್ತಡ ಏರಿ ಗ್ಲಾಕೋಮಾ ಬರಬಹುದು, ಪೊರೆ ಬರಬಹುದು. ಅದು ಬೇರೆಯದೇ ಒಂದು ಪತ್ರಕ್ಕಾಗುವಷ್ಟಿದೆ, ಇಲ್ಲಿಗೆ ಬಿಡುತ್ತೇನೆ.

ಇದು ಅಪರೂಪದ ರೋಗ ಅಂತ ತಳ್ಳಿಹಾಕುವವರಿಗೆ ಒಂದು ಲೆಕ್ಕ. ನಾಗಪುರದ ಹತ್ತಿರದ ಹಳ್ಳಿಗಳಲ್ಲಿ 30 ವರ್ಷ ದಾಟಿದ ಸಾವಿರಾರು ಜನರ ಕಣ್ಣು ಅಳೆದ ಅಧ್ಯಯನವೊಂದು 2009ರಲ್ಲಿ ಪ್ರಕಟವಾಗಿತ್ತು. ನೂರಕ್ಕೆ 2.3 ಜನರಲ್ಲಿ ಇದು ಇದೆ ಅಂತ ಅದರ ಲೆಕ್ಕ. ಅವರು ಹಿಡಿದ ಅಳತೆಗೋಲು ಯಾವುದು ಗೊತ್ತಾ? ಕೆ 48 ಅಥವಾ ಅದಕ್ಕಿಂತ ಜಾಸ್ತಿ. ಅದೊಂದೇ ಅಳತೆಯಿಂದ ರೋಗ ಪಕ್ಕಾ ಅನ್ನಲಾಗದು, ನಕ್ಷೆ ಬೇಕು. ಆದರೂ ನನ್ನಂಥವನು ಬುಟ್ಟಿಗೆ ಹಾಕುವ ಚೀಟಿಯಲ್ಲಿ ಅಷ್ಟು ಸುದ್ದಿ ಇದೆ ಅಂತ ಆಯಿತಲ್ಲ.

ಈಗ ಹುಡುಗನ ತಂಗಿಯ ವಿಷಯ. ಈ ಪತ್ರದಲ್ಲಿ ನನಗೆ ಮುಖ್ಯ ಅನಿಸಿದ್ದು ಇದೇ. ಮನೆಯಲ್ಲಿ ಒಬ್ಬರಿಗಿದ್ದರೆ ಒಡಹುಟ್ಟಿದವರನ್ನೂ ಕರೆತನ್ನಿ ಅಂತ ಡಾಕ್ಟರು ಹೇಳಿದ್ದರು. ಆಗ ಅವಳಿಗೆ 13. ಕನ್ನಡಕ ಇಲ್ಲ, ತಕರಾರಿಲ್ಲ. ನನ್ನ ಅಂಗಡಿಯಲ್ಲಿ ಕೂರಿಸಿದರೆ ಎರಡೂ ಕಣ್ಣಲ್ಲಿ 6/6, ಚಾರ್ಟಿನ ಕೊನೆ ಸಾಲನ್ನು ಪಟಪಟ ಓದಿ ನಕ್ಕಳು. ಶಾಲೆಯ ತಪಾಸಣೆಯಲ್ಲೂ ಪಾಸು. ಹುಬ್ಬಳ್ಳಿಯಲ್ಲಿ ನಕ್ಷೆ ತೆಗೆದಾಗ ಎಡಗಣ್ಣಿನ ಕಾರ್ನಿಯಾದ ಹಿಂದಿನ ಮೈಯಲ್ಲಿ ಸಣ್ಣದೊಂದು ಉಬ್ಬು ಶುರುವಾಗಿದೆ ಅಂದರು. ಅನುಮಾನ ಅಷ್ಟೇ, ಇನ್ನೂ ರೋಗ ಅಂತ ಬರೆದಿಲ್ಲ. ಆರು ತಿಂಗಳಿಗೊಮ್ಮೆ ನಕ್ಷೆ ತೆಗೆಸಿ ಹಳೆಯದರ ಜೊತೆ ಇಟ್ಟು ನೋಡುತ್ತಾರೆ. ಬದಲಾದರೆ ಆಗಲೇ ತಡೆಯುತ್ತಾರೆ, ಚಾರ್ಟಿನ ಒಂದು ಸಾಲೂ ಕಳೆಯುವ ಮುಂಚೆ. ಅಣ್ಣನಿಗೆ ಸಿಗದ ನಾಲ್ಕು ವರ್ಷ ತಂಗಿಗೆ ಸಿಕ್ಕಿದೆ.

ಹಾಗಂತ ಎಲ್ಲ ಮಕ್ಕಳಿಗೂ ಟೊಪೊಗ್ರಫಿ ಮಾಡಿಸಿ ಅನ್ನೋದು ಆಗದ ಮಾತು. ಬೆಳೆಯುವ ಮಕ್ಕಳಿಗೆ ಮೈನಸ್ ನಂಬರ್ ಏರುವುದು ಸಾಮಾನ್ಯ, ಅದಕ್ಕೆ ಹೆದರಿ ಹುಬ್ಬಳ್ಳಿ ರೈಲು ಹತ್ತಬೇಕಿಲ್ಲ. ನಾನು ಹೇಳುತ್ತಿರುವುದು ಸಿಲಿಂಡರ್ ಬಗ್ಗೆ. ಹತ್ತರಿಂದ ಇಪ್ಪತ್ತೈದು ವಯಸ್ಸಿನೊಳಗೆ ಅದು ಪ್ರತಿ ಸಲ ಏರುತ್ತಿದ್ದರೆ, ಆಕ್ಸಿಸ್ ಜಾಗ ಬದಲಿಸುತ್ತಿದ್ದರೆ, ಯಾವ ಗಾಜು ಹಾಕಿದರೂ ಕೊನೆ ಸಾಲು ಸಿಗದೆ ಸಣ್ಣ ತೂತಿನ ಪಿನ್‌ಹೋಲ್ ಇಟ್ಟೊಡನೆ ಓದಿದರೆ, ಅಂಥವರಿಗೆ ಹೊಸ ಕನ್ನಡಕ ಮಾಡಬೇಡಿ, ಮೊದಲು ನಕ್ಷೆಗೆ ಕಳಿಸಿ. ಮದುವೆಗೆ ಮುಂಚೆ ಕನ್ನಡಕ ತೆಗೆಸುವ ಲೇಸರ್ ಮಾಡಿಸಿಕೊಳ್ಳಲು ಹೊರಟವರೂ ಈ ನಕ್ಷೆ ಆಗಿದೆಯಾ ಅಂತ ಕೇಳಿಕೊಳ್ಳಿ. ಅಡಗಿಕೊಂಡ ಕೆರಟೋಕೋನಸ್ ಇದ್ದ ಕಣ್ಣಿಗೆ ಲೇಸಿಕ್ ಅನ್ನುವ ಆ ಲೇಸರ್ ಮಾಡಿದರೆ ಉಬ್ಬು ಇನ್ನೂ ಬೇಗ ಬೆಳೆಯಬಹುದು.

ಏರುತ್ತಿದೆಯೋ ಇಲ್ಲವೋ ತಿಳಿಯಬೇಕಾದರೆ ಹಿಂದಿನ ನಂಬರ್ ಬೇಕಲ್ಲ? ಅದೇ ಯಾರ ಹತ್ತಿರವೂ ಇರುವುದಿಲ್ಲ. ಚೀಟಿಯ ಶಾಯಿ ಬೇಸಿಗೆ ಶೆಕೆಗೆ ಮಾಸಿ ಬಿಳಿ ಕಾಗದ ಆಗಿರುತ್ತದೆ. ಶಿಬಿರದವರು ಕೊಟ್ಟ ಕಾರ್ಡು ಕಳೆದಿರುತ್ತದೆ. ಈ ಹುಡುಗನನ್ನೇ ಶಾಲೆಯಲ್ಲಿ ಎರಡು ವರ್ಷ ಎರಡು ತಂಡ ನೋಡಿತ್ತು, ಒಬ್ಬರ ಕಾಗದ ಇನ್ನೊಬ್ಬರ ಕೈಗೆ ಬಂದಿರಲಿಲ್ಲ. ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದ ತಂಡಗಳು ಶಾಲೆಗೆ ಬರುತ್ತವೆ, ಶಿಬಿರ ಮಾಡುವ ಸಂಘದವರೂ ಬರುತ್ತಾರೆ. ಕನ್ನಡಕ ಕೊಡುವ ಹಾಳೆಯಲ್ಲಿ 'ಹಿಂದಿನ ನಂಬರ್' ಅಂತ ಒಂದು ಕಾಲಂ ಹಾಕಿ. ಖರ್ಚು ಒಂದು ಗೆರೆ ಎಳೆಯುವಷ್ಟು. ಮಗುವಿನ ಮೂಗಿನ ಮೇಲೆ ಹಳೆ ಕನ್ನಡಕ ಇದ್ದರೆ ಚೀಟಿಯೂ ಬೇಡ, ಲೆನ್ಸೋಮೀಟರಿನಲ್ಲಿ ಇಟ್ಟರೆ ಅರ್ಧ ನಿಮಿಷದಲ್ಲಿ ನಂಬರ್ ಗೊತ್ತಾಗುತ್ತದೆ. ಅದಕ್ಕೇ ಹೆತ್ತವರಲ್ಲಿ ಕೇಳಿಕೊಳ್ಳುವುದು, ಹಳೆ ಕನ್ನಡಕ ಎಸೆಯಬೇಡಿ. ಕಾಲು ಮುರಿದಿದ್ದರೂ ಪರವಾಗಿಲ್ಲ, ಗಾಜು ಇದ್ದರೆ ಸಾಕು. ಚೀಟಿ ಬಂದ ದಿನವೇ ಮೊಬೈಲ್‌ನಲ್ಲಿ ಫೋಟೊ ತೆಗೆದಿಡಿ.

ಜಿಲ್ಲಾ ಆಸ್ಪತ್ರೆಗೆ ಒಂದು ಟೊಪೊಗ್ರಫಿ ಮಷಿನ್ ಬೇಕು ಅನ್ನುವುದನ್ನು ನಿಮ್ಮ ವರದಿಗಾರರು ನನಗಿಂತ ಚೆನ್ನಾಗಿ ಬರೆಯಬಲ್ಲರು. ನಮ್ಮ ದಂಧೆಯವರಿಗೆ ಮಾತ್ರ ನಾನೇ ಹೇಳಬೇಕು. ನಂಬರ್ ಬದಲಾದಷ್ಟೂ ನಮಗೆ ಲಾಭ. ಇದು ಗೊತ್ತಿದ್ದೇ ನಾವು ಚೀಟಿಯ ಕೆಳಗಿನ ಸಾಲು ಓದುವುದಿಲ್ಲ ಅಂತ ನಾನು ಹೇಳಲಾರೆ, ನನಗಂತೂ ಓದಬೇಕು ಅಂತಲೇ ಗೊತ್ತಿರಲಿಲ್ಲ. ಈಗ ನಿಮಗೆ ಗೊತ್ತಾಗಿದೆ.

ಪತ್ರ ಉದ್ದವಾಯಿತು. ಕತ್ತರಿಸಲೇಬೇಕಾದರೆ ನನ್ನ ಕತೆ ಕತ್ತರಿಸಿ, ಕಾಲಂ ಮಾತು ಮತ್ತು ಈ ಕೊನೆಯ ಮಾತು ಉಳಿಸಿ. ಹುಬ್ಬಳ್ಳಿಯಿಂದ ಬಂದ ಮೇಲೆ ನಾನು ಹಳೆ ಲೆಡ್ಜರುಗಳನ್ನೆಲ್ಲ ತೆಗೆದು ಕೂತೆ. ಇಪ್ಪತ್ತೈದರ ಒಳಗಿನವರು, ಸಿಲಿಂಡರ್ ಮೂರು ಸಲ ಏರಿದವರು, ಹನ್ನೊಂದು ಹೆಸರು ಸಿಕ್ಕವು. ಒಂಬತ್ತು ಜನರಿಗೆ ಫೋನ್ ಸಿಕ್ಕಿತು, ಎಲ್ಲರೂ ಹೋಗಿ ತೋರಿಸಿಕೊಂಡು ಬಂದರು. ಇಬ್ಬರಿಗೆ ಇದೇ ರೋಗ ಅಂತ ಆಯಿತು, ಉಳಿದವರದು ಸಾಮಾನ್ಯ ನಂಬರ್. ಇನ್ನಿಬ್ಬರ ಫೋನ್ ನಂಬರ್ ಬದಲಾಗಿದೆ. ಒಬ್ಬಳು ಮೋಟೆಬೆನ್ನೂರಿನ ಕಡೆಯವಳು, 2018ರಲ್ಲಿ ಕೊನೆಯ ಸಲ ನೀಲಿ ಫ್ರೇಮ್ ತಗೊಂಡಿದ್ದಳು. ಇನ್ನೊಬ್ಬ ಕಾಗಿನೆಲೆ ಕಡೆಯ ಹುಡುಗ, ಐಟಿಐ ಓದುತ್ತೇನೆ ಅಂದಿದ್ದ. ಎರಡು ಸಲ ಅವರ ಊರಿಗೆ ಹೋಗಿ ಕೇಳಿದೆ, ಮನೆ ಸಿಗಲಿಲ್ಲ. ನಿಮ್ಮ ಪತ್ರಿಕೆ ಆ ಕಡೆ ಹೋಗುತ್ತದೆ. ಅವರ ಹಳೆ ನಂಬರುಗಳು ನನ್ನ ಹತ್ತಿರ ಬರೆದಿಟ್ಟಂತೆಯೇ ಇವೆ.

ಇಂತಿ,
ಕನ್ನಡಕದ ಅಂಗಡಿಯವ, ಬ್ಯಾಡಗಿ